ಬಾಟಲಿ ಗಾಜಿನಿಂದ ಮಣಿ ಮಾಡೋದು: ಕುಂಬಾರರ ಆವಿಗೆ ಸಾಕಾ?

ಹಳೇಹುಬ್ಬಳ್ಳಿಯವ:
ಗುಜರಿ ಅಂಗಡಿಯಿಂದ ಹಸಿರು, ಕಂದು ಬಾಟಲಿ ಒಂದು ಚೀಲ ತಂದಿದ್ದೇನೆ, ಮನೆಯಲ್ಲಿ ಬೈಗುಳ ನಡೀತಾ ಇದೆ. ಘಾನಾದ ಕ್ರೋಬೊ ಜನ ಒಡೆದ ಬಾಟಲಿಯಿಂದಲೇ ಚೆಂದದ ಮಣಿ ಮಾಡ್ತಾರೆ ಅಂತ ಗೊತ್ತಾದಾಗಿನಿಂದ ಇದೇ ಹುಚ್ಚು. ಅವರು ಹೇಗೆ ಮಾಡ್ತಾರೆ? ಗ್ಯಾಸ್ ಒಲೆಯ ಮೇಲೆ ಆಗುತ್ತಾ?

ಧಾರವಾಡದ ಮೇಷ್ಟ್ರು:
ಗ್ಯಾಸ್ ಒಲೆ ಮಾತ್ರ ಬೇಡ ಮಾರಾಯ. ಕ್ರೋಬೊದವರು ಗಾಜನ್ನು ಕುಟ್ಟಿ, ಜರಡಿ ಹಿಡಿದು, ಹಿಟ್ಟಿನ ಹಾಗೆ ನುಣ್ಣಗೆ ಮಾಡ್ತಾರೆ. ಮಣ್ಣಿನ ಅಚ್ಚಿನಲ್ಲಿ ಸಣ್ಣ ಸಣ್ಣ ಗುಂಡಿ ಇರುತ್ತೆ. ಗಾಜು ಅಂಟಬಾರದು ಅಂತ ಮೊದಲೇ ಒಳಗೆ ಬಿಳಿ ಜೇಡಿ ಬಳೀತಾರೆ. ಆಮೇಲೆ ಪ್ರತಿ ಗುಂಡಿಯ ನಡುವೆ ಮರಗೆಣಸಿನ ಎಲೆಯ ತೊಟ್ಟು ನಿಲ್ಲಿಸಿ ಸುತ್ತ ಪುಡಿ ತುಂಬ್ತಾರೆ. ಬೆಂಕಿಗೆ ತೊಟ್ಟು ಸುಟ್ಟು ಹೋಗುತ್ತೆ, ತೂತು ಉಳಿಯುತ್ತೆ, ಎಂಥ ತಲೆ ನೋಡಿ! ಗೂಡು ಕಟ್ಟೋದು ಹುತ್ತದ ಮಣ್ಣಿನಿಂದ. ಸುಟ್ಟ ಮಣಿಯನ್ನು ನೀರು, ಮರಳು ಹಾಕಿ ಕಲ್ಲಿನ ಮೇಲೆ ಉಜ್ಜಿದರೆ ಮುಗೀತು. ಅಲ್ಲಿ ಹುಡುಗಿಯರು ದೊಡ್ಡವರಾದಾಗ ಮಾಡೋ ಡಿಪೊ ಶಾಸ್ತ್ರದಲ್ಲಿ ಮೈತುಂಬ ಇಂಥ ಮಣಿ ಹಾಕ್ತಾರೆ.

ಕುಟ್ಟುವಾಗ ಮಾಸ್ಕ್, ಕನ್ನಡಕ ಬೇಕೇ ಬೇಕು. ಗಾಜಿನ ಧೂಳು ಹುಡುಗಾಟವಲ್ಲ.

ಗದಗಿನ ಅಕ್ಕ:
ಇದನ್ನು ಓದ್ತಾ ನಮ್ಮಜ್ಜಿ ಹೊಲೀತಿದ್ದ ಕೌದಿ ನೆನಪಾಯಿತು, ಹಳೇ ಸೀರೆ, ಹರಿದ ಧೋತರ ಯಾವುದನ್ನೂ ಬಿಡ್ತಿರಲಿಲ್ಲ. ಘಾನಾದಲ್ಲಿ ಹುಟ್ಟಿ ನೈಜೀರಿಯಾದ ನ್ಸುಕ್ಕಾದಲ್ಲಿ ಕೆಲಸ ಮಾಡಿದ ಎಲ್ ಅನಾಟ್ಸುಯಿ ಅಂತ ಕಲಾವಿದರು, 1944ರಲ್ಲಿ ಹುಟ್ಟಿದವರು, ಹೆಂಡದ ಬಾಟಲಿ ಮುಚ್ಚಳ ಬಡಿದು, ತಾಮ್ರದ ತಂತಿಯಲ್ಲಿ ಹೆಣೆದು ಗೋಡೆಯಷ್ಟು ದೊಡ್ಡ ಬಟ್ಟೆ ಥರ ಮಾಡ್ತಾರೆ. ನನಗಂತೂ ಅದು ತಗಡಿನ ಕೌದಿನೇ! ತಮ್ಮಾ, ಮುಚ್ಚಳ ಎಸೀಬೇಡ.

ಹಾವೇರಿ ಹುಡುಗ:
ಗಾಜು ಬಿಡಿ ಅಣ್ಣಾ, ಘಾನಾ, ಸೆನೆಗಲ್‌ನಲ್ಲಿ ಗುಜರಿ ಅಲ್ಯುಮಿನಿಯಂ ಕರಗಿಸಿ, ಮರಳಿನ ಅಚ್ಚಿಗೆ ಹೊಯ್ದು ಅಡುಗೆ ಪಾತ್ರೆನೇ ಮಾಡ್ತಾರೆ. ಅದನ್ನು ಮಾಡಿ.

ಧಾರವಾಡದ ಮೇಷ್ಟ್ರು:
ಪಾತ್ರೆ ಬೇಡಪ್ಪ. ನೈಜೀರಿಯಾದ ಪಕ್ಕದ ಕ್ಯಾಮರೂನಿನಲ್ಲಿ ಅಂಥ ಪಾತ್ರೆ ಪರೀಕ್ಷೆ ಮಾಡಿದಾಗ ಸೀಸ ಸಿಕ್ಕಿದೆ. ಗುಜರಿಯಲ್ಲಿ ಇಂಜಿನ್ ಭಾಗ, ರೇಡಿಯೇಟರ್ ಏನೇನೋ ಸೇರಿರುತ್ತೆ. ಹೂಕುಂಡ ಮಾಡಿ ಬೇಕಿದ್ದರೆ.

ಹಳೇಹುಬ್ಬಳ್ಳಿಯವ:
ಎಲ್ಲರಿಗೂ ಥ್ಯಾಂಕ್ಸ್. ನಮ್ಮ ಕಡೆ ಮರಗೆಣಸು ಎಲ್ಲಿ ಹುಡುಕಲಿ ಸರ್? ಔಡಲ ಎಲೆಯ ತೊಟ್ಟು ನಡೆಯುತ್ತಾ?

ಧಾರವಾಡದ ಮೇಷ್ಟ್ರು:
ಸುಟ್ಟು ಬೂದಿಯಾಗೋದು ಯಾವುದಾದರೂ ಸರಿ ಅನ್ಸುತ್ತೆ. ಆವಿಗೆಯ ಬಿಸಿ ಸಾಲುತ್ತಾ ಅಂತ ಮೊದಲು ಒಂದೇ ಅಚ್ಚು ಇಟ್ಟು ನೋಡಿ. ಒಂದು ಮಣಿಗೆ ಒಂದೇ ಬಾಟಲಿಯ ಪುಡಿ ಹಾಕಿ, ಬೇರೆ ಬೇರೆ ಗಾಜು ಸೇರಿದರೆ ಆರುವಾಗ ಬಿರುಕು ಬಿಡಬಹುದು. ಅಚ್ಚನ್ನು ಅವಸರ ಮಾಡಿ ಹೊರಗೆ ತೆಗೀಬೇಡಿ, ಆವಿಗೆಯಲ್ಲೇ ರಾತ್ರಿಯಿಡೀ ಆರಲಿ.