ಸಹಾಯ ಬೇಕು: ಹಡಗಿನ ಈ ಇಂಗ್ಲಿಷ್ ಪದಗಳನ್ನು ಹೇಗೆ ಓದುವುದು?

ಎಲ್ಲರಿಗೂ ನಮಸ್ಕಾರ. ಹಾಯಿಹಡಗಿನ ಹಳೇ ಇಂಗ್ಲಿಷ್ ಕಥೆಯೊಂದನ್ನು ದಿನಾ ರಾತ್ರಿ ಮಗಳಿಗೆ ಓದಿ ಹೇಳುತ್ತಿದ್ದೇನೆ. ವಾರಪೂರ್ತಿ ‘ಬೋಟ್‌ಸ್ವೇನ್’ ಅಂತಲೇ ಓದಿದೆ. ಹಡಗಿನಲ್ಲಿ ಕೆಲಸ ಮಾಡುವ ನಮ್ಮ ಭಾವ ಕೇಳಿಸಿಕೊಂಡು ನಕ್ಕುಬಿಟ್ಟರು. ಅದು ‘ಬೋಸನ್’ ಅಂತೆ. ಡೆಕ್ಕಿನ ಆಳುಗಳ ಮೇಸ್ತ್ರಿ. ಫೋರ್‌ಕ್ಯಾಸಲ್, ಅಂದರೆ ಹಡಗಿನ ಮುಂಭಾಗ, ಬಾಯಲ್ಲಿ ‘ಫೋಕ್ಸಲ್’. ದೋಣಿಯ ಅಂಚು ಗನ್‌ವೇಲ್ ಅಲ್ಲ, ‘ಗನಲ್’. ಊಟದ ಸಾಮಾನು ವಿಕ್ಚುವಲ್ಸ್ ಹೋಗಿ ‘ವಿಟಲ್ಸ್’! ಅರ್ಧ ಅಕ್ಷರ ಸುಮ್ನೆ ಕೂತಿವೆ ಅಲ್ವಾ?

ಭಾವ ಈಗ ಮತ್ತೆ ಹಡಗು ಹತ್ತಿದ್ದಾರೆ, ಫೋನ್ ಸಿಗುತ್ತಿಲ್ಲ. ಲೀವರ್ಡ್, ಅಂದರೆ ಗಾಳಿ ಬೀಸಿ ಹೋಗುವ ಕಡೆ, ಅದನ್ನು ‘ಲೂಅರ್ಡ್’ ಅನ್ನಬೇಕಾ? ಸ್ಟಡಿಂಗ್‌ಸೇಲ್ ಯಾವ ಹಾಯಿ, ಹೇಗೆ ಹೇಳಬೇಕು? ಗೊತ್ತಿದ್ದವರು ಕನ್ನಡ ಅಕ್ಷರದಲ್ಲೇ ಬರೆಯಿರಿ, ಇಲ್ಲವೇ ವಾಯ್ಸ್ ಮೆಸೇಜ್ ಹಾಕಿ. ಉಚ್ಚಾರಣೆ ತೋರಿಸಲು ಡಿಕ್ಷನರಿಯಲ್ಲಿ ಹಾಕುವ ಆ ತಲೆಕೆಳಗಾದ ‘e’ ನನ್ನ ತಲೆಗೆ ಹತ್ತುವುದಿಲ್ಲ.