ಚಿಹ್ನೆ ಇಲ್ಲದ ಚುನಾವಣೆ, ಆದರೂ ಊರು ಎರಡು ಪಾಲು

ಪ್ರಶ್ನೆ: ನಮ್ಮದು ಕೊಡಗಿನ ಸೋಮವಾರಪೇಟೆ ಕಡೆ. ಗ್ರಾಮ ಪಂಚಾಯಿತಿ ಚುನಾವಣೆಗೆ ಪಕ್ಷದ ಚಿಹ್ನೆ ಇಲ್ಲ ಅಲ್ವಾ? ಆದರೂ ಗ್ರಾಮಸಭೆಯಲ್ಲಿ ಆನೆ ಕಂದಕದ ಮಾತು ಎತ್ತಿದ ಕೂಡಲೇ "ನೀನು ಯಾವ ಪಕ್ಷ?" ಅಂತ ಕೇಳಿದರು. ಆನೆ ಪಕ್ಷ ನೋಡಿ ತೋಟಕ್ಕೆ ನುಗ್ಗುತ್ತದಾ?

ಉತ್ತರ 1: ನಮ್ಮಲ್ಲೂ ಅದೇ. 2018ರಲ್ಲಿ ಭೂಕುಸಿತ ಆದಾಗ ಗಂಜಿ ಬಡಿಸುವಾಗ ಯಾರೂ ಪಕ್ಷ ಕೇಳಲಿಲ್ಲ, ಈಗ ಊರಿನ ವಾಟ್ಸಾಪ್ ಗುಂಪೇ ಎರಡಾಗಿದೆ.

ಉತ್ತರ 2: ಜಗಳಕ್ಕೆ ಹೆದರಿ ಜನ ಸಭೆಗೆ ಬರೋದೇ ಬಿಟ್ಟರು, ನಷ್ಟ ಅಲ್ಲೇ ಜಾಸ್ತಿ. ಸರ್ಕಾರಿ ಯೋಜನೆಗಳ ಫಲಾನುಭವಿಗಳ ಆಯ್ಕೆ ಗ್ರಾಮಸಭೆಯಲ್ಲೇ ಆಗಬೇಕು, ನಾವು ಸುಮ್ನೆ ಮನೆಯಲ್ಲಿ ಕೂತರೆ ನಾಲ್ಕು ಜನ ಸೇರಿ ಮುಗಿಸುತ್ತಾರೆ. ಬೇಡಿಕೆ ಬರೆದು ಕೊಡಿ, ನಡಾವಳಿಯಲ್ಲಿ ಸೇರಿಸಲು ಹೇಳಿ.

ಪ್ರಶ್ನೆ ಕೇಳಿದವರು: ಸರಿ ಅಣ್ಣ, ಎರಡೂ ಕಡೆಯವರ ಸಹಿ ಹಾಕಿಸಿ ನೋಡುತ್ತೇನೆ. ಬಾಳೆ ಇಬ್ಬರದ್ದೂ ಹೋಗಿದೆ.