ಸಂಸ್ಕಾರ ಸಿನಿಮಾ ತಯಾರಾದ ಕಥೆ ಹುಡುಕ್ತಿದೀನಿ, ಎಲ್ಲಿಂದ ಶುರು ಮಾಡ್ಲಿ?

ರೀಲುಪೆಟ್ಟಿಗೆ:
ಎಲ್ರಿಗೂ ನಮಸ್ಕಾರ. ಕನ್ನಡ ಸಿನಿಮಾ ಇತಿಹಾಸದ ಮೇಲೆ ಸಂಶೋಧನೆ ಮಾಡ್ತಿದೀನಿ, ಈಗ 1970ರ ಸಂಸ್ಕಾರ ಕೈಗೆತ್ಕೊಂಡಿದೀನಿ. ಯಾರನ್ನ ಕೇಳಿದ್ರೂ ಎರಡೇ ಮಾತು, ಸೆನ್ಸಾರ್‌ನವ್ರು ತಡೆದ್ರು, ಆಮೇಲೆ ದೇಶದ ಅತ್ಯುತ್ತಮ ಚಿತ್ರ ಅಂತ ರಾಷ್ಟ್ರಪ್ರಶಸ್ತಿ ಬಂತು. ನನಗೆ ಬೇಕಾಗಿರೋದು ಅದಕ್ಕೂ ಹಿಂದಿಂದು. ಯಾರು ಸೇರಿದ್ರು, ಹೆಂಗೆ ಶೂಟ್ ಮಾಡಿದ್ರು? ಗೊತ್ತಿದ್ದೋರು ದಯವಿಟ್ಟು ದಾರಿ ತೋರ್ಸಿ.

ತುಂಗಾತೀರದವ:
ಶೂಟಿಂಗ್ ಬಹುಪಾಲು ಆಗಿದ್ದು ನಮ್ಮ ಶೃಂಗೇರಿ ಹತ್ರದ ವೈಕುಂಠಪುರದಲ್ಲಿ. ಅಲ್ಲಿಗೊಮ್ಮೆ ಹೋಗಿಬನ್ನಿ. ಆಗ ಸಣ್ಣ ಮಕ್ಕಳಾಗಿದ್ದೋರಿಗೇ ಈಗ ಅರವತ್ತು ದಾಟಿರತ್ತೆ, ಅವ್ರನ್ನ ಈಗ್ಲೇ ಮಾತಾಡ್ಸಿ ರೆಕಾರ್ಡ್ ಮಾಡ್ಕೊಳ್ಳಿ, ಮುಂದಿನ ವರ್ಷ ಅಂತ ಕೂರ್ಬೇಡಿ.

ಹಳೇಪೋಸ್ಟರ್:
ಶೃಂಗೇರಿ ಸರಿ, ಆದ್ರೆ ಈ ಸಿನಿಮಾದ ಬೇರು ಮದ್ರಾಸಲ್ಲಿದೆ ಸಾರ್, ಅದನ್ನ ಬಿಟ್ರೆ ಅರ್ಧ ಕಥೆ ಹೋದಂಗೆ. ಚಿತ್ರಕಥೆ ಬರೆದು ಮುಖ್ಯ ಪಾತ್ರ ಮಾಡಿದ ಗಿರೀಶ್ ಕಾರ್ನಾಡ್ ಆಗ ಅಲ್ಲಿ ಪ್ರಕಾಶನ ಸಂಸ್ಥೆಲಿ ಕೆಲ್ಸದಲ್ಲಿದ್ರು, ಮದ್ರಾಸ್ ಪ್ಲೇಯರ್ಸ್ ಅನ್ನೋ ಇಂಗ್ಲಿಷ್ ನಾಟಕ ತಂಡದಲ್ಲಿ ಅವ್ರೂ ಇದ್ರು ಸ್ನೇಹಲತಾ ರೆಡ್ಡಿನೂ ಇದ್ರು, ಅವ್ರ ಗಂಡ ಪಟ್ಟಾಭಿರಾಮ ರೆಡ್ಡಿ ತೆಲುಗು ಕವಿ, ಅವ್ರೇ ನಿರ್ದೇಶಕರು. ಕ್ಯಾಮೆರಾ ಹಿಡಿದ ಟಾಮ್ ಕೋವನ್ ಆಸ್ಟ್ರೇಲಿಯಾದವ್ರು, ಸಂಗೀತ ರಾಜೀವ ತಾರಾನಾಥ್, ನಾರಣಪ್ಪನಾಗಿ ಲಂಕೇಶ್. ಮಾಧ್ವ ಅಗ್ರಹಾರದ ಒಳಗಿನ ಕಥೆಯನ್ನ ಇಷ್ಟು ಹೊರಗಿನೋರು ಸೇರಿ ಮಾಡಿದಾರೆ ನೋಡಿ, ನನ್ ಪ್ರಕಾರ ಆ ಚಿತ್ರದ ಧೈರ್ಯ ಬಂದಿದ್ದೇ ಅಲ್ಲಿಂದ.

ಕಡತಪ್ರಿಯೆ:
ಸೆನ್ಸಾರ್ ವಿಷ್ಯನ ಹಳೇದು ಅಂತ ಪಕ್ಕಕ್ಕಿಡಬೇಡಿ. ಅನಂತಮೂರ್ತಿಯವ್ರ ಕಾದಂಬರಿ 1965ರಲ್ಲೇ ಬಂದಿತ್ತು, ಜಗಳ ಚರ್ಚೆ ಎಲ್ಲಾ ಆಯ್ತು ಆದ್ರೂ ಪುಸ್ತಕ ಜನರ ಕೈಲಿತ್ತು. ಅದೇ ನಾರಣಪ್ಪನ ಹೆಣ, ಅವನ ಜೊತೆ ಬಾಳಿದ ಅದೇ ಚಂದ್ರಿ (ಸ್ನೇಹಲತಾ ಮಾಡಿದ ಪಾತ್ರ), ಸಿನಿಮಾ ಆದ ತಕ್ಷಣ ಮದ್ರಾಸ್ ಸೆನ್ಸಾರ್ ಬೋರ್ಡ್ ತಡೀತು, ಕೊನೆಗೆ ಕೇಂದ್ರ ಸರ್ಕಾರದವರೆಗೂ ಹೋಗಿ ಬಿಡುಗಡೆ ಆಯ್ತು. ಪುಸ್ತಕಕ್ಕೆ ಮೊದ್ಲೇ ಸರ್ಟಿಫಿಕೇಟ್ ಬೇಕಿಲ್ಲ, ಸಿನಿಮಾಗೆ 1952ರ ಕಾಯ್ದೆ ಪ್ರಕಾರ ಬೇಕೇ ಬೇಕು. ಯಾವ ದೃಶ್ಯಕ್ಕೆ ಏನು ಆಕ್ಷೇಪ ಬರೆದ್ರು ಅನ್ನೋ ಕಡತಕ್ಕೆ ಮಾಹಿತಿ ಹಕ್ಕಲ್ಲಿ ಅರ್ಜಿ ಹಾಕಿ, ಪುಣೆಯ ಫಿಲ್ಮ್ ಆರ್ಕೈವ್‌ಗೂ ಬರೀರಿ.

ರೀಲುಪೆಟ್ಟಿಗೆ:
ತುಂಬಾ ಥ್ಯಾಂಕ್ಸ್. ಕಾರ್ನಾಡರ ಆತ್ಮಕಥೆ ಆಡಾಡತ ಆಯುಷ್ಯದಲ್ಲಿ ಬರೋದನ್ನ ಆಧಾರ ಮಾಡ್ಕೋಬಹುದಾ?

ಕಡತಪ್ರಿಯೆ:
ಓದ್ಲೇಬೇಕು, ಆದ್ರೆ ಅದೊಂದನ್ನೇ ನಂಬ್ಕೊಂಡು ಬರೀಬೇಡಿ, ಅದು ಬಂದಿದ್ದು 2011ರಲ್ಲಿ, ನಲವತ್ತು ವರ್ಷದ ಹಿಂದಿನ ನೆನಪು. ಸ್ನೇಹಲತಾ ಅವ್ರ ವಿಷ್ಯದಲ್ಲಿ ಇನ್ನೂ ಜಾಸ್ತಿ ಎಚ್ಚರ ಇರ್ಲಿ. ಎಮರ್ಜೆನ್ಸಿಲಿ ಬೆಂಗಳೂರು ಜೈಲಲ್ಲಿಟ್ರು, 1977ರ ಜನವರಿಲಿ ತೀರ್ಕೊಂಡ್ರು, ಹಾಗಾಗಿ ಆಮೇಲೆ ಬರೆದೋರೆಲ್ಲ ಆ ದುಃಖದಲ್ಲೇ ಚಂದ್ರಿನ ನೋಡಿದಾರೆ. 1970, 71ರ ಪತ್ರಿಕೆಗಳಲ್ಲಿ ಅವ್ರ ಅಭಿನಯದ ಬಗ್ಗೆ ಏನಾದ್ರೂ ಬಂದಿದ್ರೆ ಮೊದ್ಲು ಅದನ್ನ ಹುಡುಕಿ ಓದಿ.